ಐ ಗೋ ಅಂಡ್ ಕಮ್

ಸೋತವರು ಸುಮ್ಮನೆ ಎದ್ದು ಹೋಗಬೇಕು. ಇಂದುಶೇಖರನಿಗೆ ಅಷ್ಟು ತಿಳಿಯಲಿಲ್ಲ. ೨೦೦೧ರಲ್ಲಿ ಬರ್ಮಿಂಗ್‌ಹ್ಯಾಮಿನಲ್ಲಿ ಪಿಎಚ್‌ಡಿ ಮಾಡುತ್ತಿದ್ದ ಈ ಮೈಸೂರಿನವನು ಮಧ್ಯಾಹ್ನದ ಟೀವಿ ಕ್ವಿಜ್ಜಿನಲ್ಲಿ ಮೊದಲ ಪ್ರಶ್ನೆಗೇ ಸೋತ. ಹೊರಡುವಾಗ 'ಹೋಗ್ತೀನಿ' ಅನ್ನಬಾರದೆಂದು ಮನೆಯಲ್ಲಿ ಕಲಿಸಿದ್ದರಲ್ಲ, ಹಾಗಾಗಿ "ಐ ಗೋ ಅಂಡ್ ಕಮ್" ಎಂದು ಕೈಮುಗಿದ. ಸಭೆ ಬಿದ್ದು ಬಿದ್ದು ನಕ್ಕಿತು. ಟೀವಿಯವರು ಅವನಿಗೆ ಮದುವೆಮನೆ ಬ್ಯಾಂಡಿನವರಂಥ ಮಿಣಮಿಣ ಕೋಟು ಹೊಲಿಸಿ, ಯಾರು ಸೋತರೂ ಆ ಮಾತು ಹೇಳುವ ಕೆಲಸಕ್ಕೆ ಇಟ್ಟುಕೊಂಡರು.

ಅಂದಿನಿಂದ ಅವನಿದ್ದ ಸೆಲ್ಲಿ ಓಕ್ ಬಡಾವಣೆಯಲ್ಲಿ ಅವನನ್ನು ಕಂಡವರೆಲ್ಲ "ಐ ಗೋ ಅಂಡ್ ಕಮ್!" ಎಂದು ಕೂಗುತ್ತಿದ್ದರು, ಕೂಗಿ ಹೋಗಿಬಿಡುತ್ತಿದ್ದರು. ಊರಿಗೆಲ್ಲ ಗುರುತು, ಕೂತು ಮಾತಾಡುವವರು ಒಬ್ಬರೂ ಇಲ್ಲ. ಜೊತೆಗೆ ಉಣ್ಣಲು ಯಾರಾದರೂ ಬಂದರೆ ಸಾಕೆಂದು ಪಾಪ, ಅವನ ಜೀವ ಹಂಬಲಿಸುತ್ತಿತ್ತು.

ಒಂದು ಭಾನುವಾರ ಎಜ್‌ಬಾಸ್ಟನ್ನಿನ ಕನ್ನಡದ ಡಾಕ್ಟರ್ ದಂಪತಿ ಅನಂತ, ವಿಜಯಾ ಊಟಕ್ಕೆ ಬರಲು ಒಪ್ಪಿದ್ದರು. ಬೆಳಗಿನಿಂದ ಹುಳಿ ಕುದಿಸಿದ, ಪಾಯಸ ತಳ ಹಿಡಿಸಿದ, ಮತ್ತೆ ಮಾಡಿದ. ಹೊಗೆಗೆ ಅಲಾರಂ ಬಡಿದುಕೊಂಡಾಗ ಪಕ್ಕದ ಮನೆಯ ವಿದ್ಯಾರ್ಥಿಗಳು ಓಡಿಬಂದು, ಅವನ ಮುಖ ಕಂಡು, ಅದೇ ಮಾತು ಕೂಗಿ ವಾಪಸಾದರು.

ಕೊನೆಗೂ ಕಾರು ಬಂತು. ಮೊದಲು ಒಳಗೆ ಓಡಿಬಂದವಳು ಮಗಳು ಪೂಜಿತಾ. ಡಾಕ್ಟರುಗಳಿಗೆ ಮಧ್ಯಾಹ್ನ ಟೀವಿ ನೋಡಲು ಬಿಡುವೆಲ್ಲಿ? ಅವನು ಟೀವಿಯಲ್ಲಿ ಬರುತ್ತಾನೆಂದಷ್ಟೇ ಅವರಿಗೆ ಗೊತ್ತು; ಮನೆಯಲ್ಲಿ ಶೋ ನೋಡುತ್ತಿದ್ದವಳು ಇವಳೊಬ್ಬಳೇ.

"ಸೇ ಇಟ್, ಅಂಕಲ್! ವಿತ್ ದ ಕೋಟ್!"

ಅವನು ಖುಷಿಯಿಂದ ಕೋಟು ತೊಟ್ಟು, ಕೈಮುಗಿದು, "ಐ ಗೋ ಅಂಡ್ ಕಮ್" ಎಂದ. ಅಷ್ಟರಲ್ಲಿ ದಂಪತಿ ಬಾಗಿಲಿಗೆ ಬಂದಿದ್ದರು. ಇಂಗ್ಲಿಷರಿಗೆ ನಗು ತರಿಸಿದ ಮಾತು ಕನ್ನಡದ ಕಿವಿಗೆ ನೆಟ್ಟಗೆ ಅರ್ಥವಾಯಿತು.

"ಅಯ್ಯೋ, ಶೂಟಿಂಗಿಗೆ ಹೊರಟ್ರಾ? ಮೊದ್ಲೇ ಹೇಳ್ಬಾರ್ದಿತ್ತಾ?" ಎಂದರು ವಿಜಯಾ.

"ಇಲ್ಲ ಅಕ್ಕಾ, ಶೂಟಿಂಗ್ ಇಲ್ಲ. ಊಟಕ್ಕೆ ಬನ್ನಿ."

"ಸಂಕೋಚ ಪಟ್ಕೋಬೇಡಿ. ನಮ್ಮಿಂದ ನಿಮ್ಮ ಕೆಲ್ಸ ಕೆಡಬಾರ್ದು," ಎಂದರು ಅನಂತ.

"ದೇವರಾಣೆ ಸಾರ್, ಶೋನೇ ನಿಂತುಹೋಗಿ ತಿಂಗಳಾಯ್ತು!"

"ಎಷ್ಟು ಚೆನ್ನಾಗಿ ತಮಾಷೆ ಮಾಡ್ತೀರಿ! ಅದಕ್ಕೇ ಟೀವಿಯವ್ರು ನಿಮ್ಮನ್ನ ಬಿಡಲ್ಲ," ಎಂದು ವಿಜಯಾ ನಕ್ಕರು.

ಅನಂತ ತೋಳು ಹಿಡಿದು ಕಾರಿಗೆ ಹತ್ತಿಸಿದರು, ಸ್ಟೇಷನ್ನಿನಲ್ಲಿ ಟಿಕೆಟ್ಟನ್ನೂ ತೆಗೆದುಕೊಟ್ಟರು. ರೈಲು ಹೊರಡುವವರೆಗೂ ಮೂವರೂ ನಿಂತು ಕೈಬೀಸಿದರು.

"ಊಟಕ್ಕೆ ಇನ್ನೊಂದಿನ ಬರ್ತೀವಿ!"

ಮುಂದಿನ ಸ್ಟೇಷನ್ನಿನಲ್ಲಿ ಇಳಿದು, ಮಿಣಮಿಣ ಕೋಟಿನಲ್ಲೇ ನಡೆದು ಮನೆ ಸೇರಿದ. ಹುಳಿ ಆರಿತ್ತು. ನಾಲ್ಕು ತಟ್ಟೆ ಹಾಕಿದ ಹಾಗೇ ಇದ್ದವು. ಇಷ್ಟು ದಿನ ಬರೀ ಬಾಯಲ್ಲಿ ಹೇಳುತ್ತಿದ್ದವನು ಇವತ್ತು ನಿಜವಾಗಿಯೂ ಹೋಗಿ ಬಂದಿದ್ದ. 'ಬಂದ್ಯಾ?' ಎಂದು ಕೇಳಲು ಮಾತ್ರ ಒಳಗೆ ಯಾರೂ ಇರಲಿಲ್ಲ.