ಕುದುರೆಯ ಮೇಲೆ ಕೂರಬಾರದು

“ಕಿವಿ ಹಿಡೀಬೇಡಿ ಮೇಷ್ಟ್ರೇ, ಕುತ್ತಿಗೆ ಹಿಡೀರಿ!” ಎಂದು ಕೂಗುತ್ತ ಬಡಗಿ ಮರದ ತೂಗುಕುದುರೆಯನ್ನು ಕೋರ್ಟಿನ ಮೆಟ್ಟಿಲಿಳಿಸುತ್ತಿದ್ದ. ಬಾಲದ ಕಡೆ ಅವನು, ತಲೆಯ ಕಡೆ ಪಕ್ಕದ ಮನೆಯ ನಿವೃತ್ತ ಮೇಷ್ಟ್ರು. ಹಿಂದೆ ಕಾಗದದ ಚೀಲವನ್ನು ಹಸುಗೂಸಿನಂತೆ ಎದೆಗವಚಿಕೊಂಡ ಬಾಮೈದ. ಗಂಟೆ ನಾಲ್ಕೂವರೆ.

ಬಡಗಿ ಮಾಡಿ ಮಾರುವ ಕುದುರೆಗಳಲ್ಲೊಂದಾದ ಇದು ಸಾಕ್ಷಿಯಾಗಿ ಒಂಬತ್ತು ವರ್ಷ ಕೋರ್ಟಿನ ಮೂಲೆಯಲ್ಲಿ ನಿಂತಿತ್ತು. ಕೂರುವ ವಸ್ತುವಾದ್ದರಿಂದ ಇದು ಪೀಠೋಪಕರಣ, ಹೆಚ್ಚಿನ ತೆರಿಗೆ ಕಟ್ಟು ಎಂದಿತ್ತು ತೆರಿಗೆ ಕಚೇರಿ. ಅಲ್ಲ, ಆಟಿಕೆ ಎಂದು ಬಡಗಿ ದಾವೆ ಹೂಡಿದ್ದ. ಅಷ್ಟರಲ್ಲಿ ಬಡ್ಡಿ, ದಂಡ ಬೆಳೆದು ಅಂಗಡಿಯನ್ನೇ ನುಂಗುವಂತಾದವು. ಈಗ ಸರ್ಕಾರ ದಾರಿ ತೋರಿಸಿತ್ತು: ದಾವೆ ಹಿಂದಕ್ಕೆ ತೆಗೆದುಕೊಂಡರೆ ಬಡ್ಡಿ, ದಂಡ ಎರಡೂ ಮಾಫಿ. ಕೋರ್ಟಿನ ಆದೇಶವನ್ನು ತೆರಿಗೆ ಕಚೇರಿಗೆ ಮುಟ್ಟಿಸಲು ಇವತ್ತು ಐದು ಗಂಟೆಯೇ ಕೊನೆ.

ದಾವೆ ಬಿಡುವ ಅರ್ಜಿಯನ್ನು ಮೇಷ್ಟ್ರು ಮುತ್ತಿನಂಥ ಅಕ್ಷರದಲ್ಲಿ ಬರೆದುಕೊಟ್ಟಿದ್ದರು. ಬಾಮೈದ ರಜೆ ಹಾಕಿ ಬಂದಿದ್ದ. ಇಂಥವರು ಸಿಗಲು ಯಾವ ಪುಣ್ಯ ಮಾಡಿದ್ದೆನೋ ಎಂದುಕೊಂಡ ಬಡಗಿ.

ಬಸ್ಸಿನವನು ಕುದುರೆಯನ್ನು ಹತ್ತಿಸಲಿಲ್ಲ. ಮೂವರೂ ತೆರಿಗೆ ಕಚೇರಿಯತ್ತ ಓಡಿದರು. ಅರ್ಧ ದಾರಿಯಲ್ಲಿ ಮೇಷ್ಟ್ರು ಏದುಸಿರು ಬಿಡುತ್ತ ಕುದುರೆಯ ಮೇಲೇ ಕೂತುಬಿಟ್ಟರು.

“ಇಳೀರಿ ಮೇಷ್ಟ್ರೇ! ಯಾರಾದ್ರೂ ನೋಡಿದ್ರೆ ಕೇಸು ಹೋಯ್ತು!”

“ಕೇಸು ಎಲ್ಲಿದೆಯಪ್ಪಾ? ಈಗ ತಾನೆ ಬಿಟ್ಟು ಬಂದ್ಯಲ್ಲ! ಆಹಾ, ಒಳ್ಳೇ ಕುರ್ಚಿ ಕಣಯ್ಯ.”

ಐದಕ್ಕೆ ಎರಡು ನಿಮಿಷ. ತೆರಿಗೆ ಅಧಿಕಾರಿಣಿ ಕೋರ್ಟಿನ ಆದೇಶ ಓದಿ, ಮೊಹರು ಒತ್ತಿ, ತಲೆಯ ಮೇಲೆ ಕೈಯಿಟ್ಟುಕೊಂಡರು.

“ಬಡ್ಡಿ, ದಂಡ ಮಾಫಿ. ತೆರಿಗೆ ಮಾತ್ರ ಕಟ್ಟಿ. ಆದ್ರೆ ಮೂರು ಗಂಟೆಗೇ ಫೋನ್ ಮಾಡಿದ್ನಲ್ಲ, ಯಾರೂ ಹೇಳಲಿಲ್ವಾ?”

ಬಾಮೈದ ಕೆಮ್ಮಿದ. “ಭಾವ, ಕೋರ್ಟೊಳಗೆ ಹೋಗ್ವಾಗ ಫೋನ್ ನನ್ನ ಕೈಗೆ ಕೊಟ್ಟಿದ್ರಲ್ಲ... ದೊಡ್ಡ ಕೆಲಸದಲ್ಲಿದ್ದಾರೆ, ತೊಂದರೆ ಕೊಡಬೇಡಿ ಅಂದೆ.”

“ಇದು ಆಟಿಕೇನೇ ಅಂತ ಇವತ್ತು ನಮ್ಮ ಕಚೇರಿ ಒಪ್ಕೊಂಡಿತ್ತು. ನಾಳೆ ಕೋರ್ಟಿಗೆ ಹೇಳೋದಿತ್ತು. ಆ ತೆರಿಗೆನೂ ಕಟ್ಟೋದೇ ಇರ್ತಿರಲಿಲ್ಲ. ಈಗ ದಾವೆನೂ ಇಲ್ಲ, ಮೇಲಾಗಿ ನೀವೇ ಬರೆದಿದ್ದೀರಿ...” ಅವರು ಅರ್ಜಿಯ ಪ್ರತಿ ಓದಿದರು: “‘ಸದರಿ ಕುದುರೆಯು ಉತ್ತಮ ಆಸನವೆಂದು ಮನಸಾರೆ ಒಪ್ಪುತ್ತೇನೆ.’”

ಬಡಗಿ ಮೇಷ್ಟ್ರ ಕಡೆ ತಿರುಗಿದ.

“ಬರೀ ‘ಹಿಂದಕ್ಕೆ ಪಡೆಯುತ್ತೇನೆ’ ಅಂದ್ರೆ ಒರಟಾಗಿ ಕಾಣುತ್ತೆ ಅಂತ...” ಎಂದರು ಮೇಷ್ಟ್ರು.

ಬಡಗಿಗೆ ಬೈಗುಳ ಬಾಯಿತನಕ ಬಂತು. ಆದರೆ ಬೆವರಿನಲ್ಲಿ ತೊಯ್ದ ಮೇಷ್ಟ್ರ ಅಂಗಿ, ಇನ್ನೂ ಚೀಲ ಬಿಡದ ಬಾಮೈದನ ಕೈ ಕಂಡು ಅದು ಅಲ್ಲೇ ಕರಗಿತು. ಅಂಗಡಿಯಂತೂ ಉಳಿಯಿತು.

“ದೊಡ್ಡ ಉಪಕಾರ ಆಯ್ತು. ನಿಮ್ಮಿಬ್ಬರದೂ. ಫೋನ್ ಮಾಡಿದ ಅಮ್ಮಾವ್ರದೂ,” ಎಂದ. ಹಾಗೆನ್ನುತ್ತ ಗೋಡೆಗೆ ಒರಗಿದ.

ಅಧಿಕಾರಿಣಿ ಎದ್ದು ಬಂದರು. ಸುತ್ತ ನೋಡಿದರು, ಕುರ್ಚಿಗಳ ಮೇಲೆಲ್ಲ ಅರ್ಜಿಗಳ ರಾಶಿ. ಕುದುರೆಯನ್ನೇ ಅವನತ್ತ ತಳ್ಳಿದರು.

“ಸುಸ್ತಾಗಿದ್ದೀರಿ. ಬನ್ನಿ, ಒಂದು ನಿಮಿಷ ಇದರ ಮೇಲೆ ಕೂತ್ಕೊಳ್ಳಿ.”

“ಕೂರಲ್ಲ,” ಎಂದ ಬಡಗಿ. “ಅದು ಆಟಿಕೆ.”