ಬಿಡುವಿಲ್ಲದ ಮೊಳೆ

ಫರ್ ಮರದ ಹಸಿ ಕೊಂಬೆಯ ವಾಸನೆ ಬಂದರೆ ಸವೇಲಿ ಫೋಮಿಚ್‌ನ ಕೈ ತಾನಾಗಿಯೇ ಟೋಪಿ ತೆಗೆಯುತ್ತಿತ್ತು. ಅವನು ಎರಡನೇ ತರಗತಿಯಲ್ಲಿದ್ದಾಗ ಸೋವಿಯತ್ ದೇಶದ ನಾಯಕರು ತೀರಿಕೊಂಡಿದ್ದರು. ಶಾಲೆಯಲ್ಲಿ ಅವರ ಪಟದ ಸುತ್ತ ಇದೇ ಕೊಂಬೆ ಕಟ್ಟಿ ಟೀಚರ್‌ಗಳೆಲ್ಲ ಬಿಕ್ಕಿ ಬಿಕ್ಕಿ ಅತ್ತಿದ್ದರು.

ಆ ಮಾರ್ಚ್ ಬೆಳಿಗ್ಗೆ ಅವನ ಮನೆಯ ಮೆಟ್ಟಿಲ ತುಂಬ ಅದೇ ವಾಸನೆ. ಮೇಲಾಗಿ ಪಕ್ಕದ ಮನೆಯ ಗೋಡೆಯಾಚೆ ಪಿಟೀಲಿನ ಗೋಳು. ರೇಡಿಯೋದಲ್ಲಿ ಇಂಥ ಸಂಗೀತ ಬಂತೆಂದರೆ ಯಾರೋ ದೊಡ್ಡವರು ಹೋದರೆಂದೇ ಅರ್ಥ. ಅವನ ರೇಡಿಯೋ ಕೆಟ್ಟು ತಿಂಗಳಾಗಿತ್ತು.

ಅವನು ಅಂಗಿ ಗುಂಡಿ ಮಾಡುವ ಕಾರ್ಖಾನೆಯ ಕ್ಲಬ್ಬಿನ ಮೇಲ್ವಿಚಾರಕ. ಒಂದು ಕಾಲದಲ್ಲಿ ತ್ಸಾರ್ ದೊರೆಯ ಪಟ ಗೋಡೆಗೇರಿದರೆ ಮೊಳೆ ತುಕ್ಕು ಹಿಡಿಯುವವರೆಗೂ ಇಳಿಯುತ್ತಿರಲಿಲ್ಲವಂತೆ. ಈಗ ಎರಡೇ ವರ್ಷದಲ್ಲಿ ಇಬ್ಬರು ನಾಯಕರು ಹೋಗಿ ಮೊಳೆಗೆ ಬಿಡುವೇ ಇರಲಿಲ್ಲ. ಹೋದ ಸಲ ಸವೇಲಿ ಹಳೆಯ ಪಟ ಇಳಿಸುವುದನ್ನೇ ಮರೆತಿದ್ದ. "ಇನ್ನೊಂದ್ಸಲ ತಡ ಮಾಡಿದ್ಯೋ, ಬಾಯ್ಲರ್ ಕೋಣೇಲಿ ಕಲ್ಲಿದ್ದಲು ಹೊರಬೇಕಾಗುತ್ತೆ," ಎಂದಿದ್ದರು ನಿರ್ದೇಶಕ ರೋಗೋವ್.

ಸವೇಲಿ ಕ್ಲಬ್ಬಿಗೆ ಓಡಿದ. ಈಗಿನ ನಾಯಕರ ಪಟ ಇಳಿಸಿದ. ಕಿಟಕಿಗೆಲ್ಲ ಕಪ್ಪು ಬಟ್ಟೆ ಕಟ್ಟಿದ. ಕ್ಯಾಂಟೀನಿನ ತೈಸಿಯಾ ಸೌಟು ಹಿಡಿದೇ ಅತ್ತಳು. ಕೆಲಸಕ್ಕೆ ಹೋಗುತ್ತಿದ್ದವರೆಲ್ಲ ಬಾಗಿಲಲ್ಲಿ ನಿಂತು ಟೋಪಿ ತೆಗೆದರು.

ರೋಗೋವ್ ಬಂದರು. "ಯಾರಯ್ಯಾ ಹೇಳಿದ್ದು ನಿಂಗೆ?"

"ಪಕ್ಕದ್ಮನೆ ರೇಡಿಯೋದಲ್ಲಿ ಪಿಟೀಲು ಬರ್ತಿತ್ತು ಸಾರ್. ಮೆಟ್ಟಿಲ ಮೇಲೆ ಫರ್ ಕೊಂಬೆ..."

ಟಿಕೆಟ್ ಹರಿಯುವ ಕಪಿತೋಲಿನಾ ಹಣೆ ಚಚ್ಚಿಕೊಂಡಳು. ಆ ಪಕ್ಕದ ಮನೆ ಅವಳದೇ. "ಅಯ್ಯೋ ನಿಮ್ಮ! ಅದು ರೇಡಿಯೋ ಅಲ್ರೀ, ನಮ್ಮೆಜಮಾನ್ರು! ರಿಟೈರ್ ಆದ್ಮೇಲೆ ಪಿಟೀಲು ಕಲೀತಿದಾರೆ. ಮದುವೆ ಹಾಡು ನುಡಿಸಿದ್ರೂ ಹಾಗೇ ಕೇಳುತ್ತೆ. ಕೊಂಬೆ ನನ್ನ ಮಂಡಿನೋವಿಗೆ, ಕುದಿಸಿ ಕಾವು ಕೊಡೋಕೆ!"

ರೋಗೋವ್ ಮುಖ ಬೀಟ್‌ರೂಟ್ ಸಾರಿನಂತಾಯಿತು. "ಬದುಕಿರೋರನ್ನ ಗೋಡೆಯಿಂದ ಇಳಿಸಿದ್ಯಲ್ಲೋ! ಏಣಿ ಹತ್ತು!"

ಸವೇಲಿ ಏಣಿ ಹತ್ತಿದ. ಅವಸರಕ್ಕೆ ಪಟ ಎರಡು ಸಲ ತಲೆಕೆಳಗಾಗಿ ನೇತಾಡಿತು. ಕಪ್ಪು ಬಟ್ಟೆಯೆಲ್ಲ ಪಿಯಾನೋದ ಹೊಟ್ಟೆ ಸೇರಿತು. "ಯಾರೂ ಬಾಯಿ ಬಿಡಬಾರ್ದು," ಎಂದು ರೋಗೋವ್ ಎಲ್ಲರಿಂದ ಆಣೆ ಹಾಕಿಸಿಕೊಂಡರು. ಸವೇಲಿ ಬೆವರು ಒರೆಸಿಕೊಂಡ. ಕಲ್ಲಿದ್ದಲು ತಪ್ಪಿತಲ್ಲ, ಸಾಕು.

ಮಧ್ಯಾಹ್ನ ಕ್ಲಬ್ಬಿನ ರೇಡಿಯೋ ಗಂಟಲು ಸರಿಮಾಡಿಕೊಂಡಿತು. ನಾಯಕರು ನಿಜವಾಗಿಯೂ ತೀರಿಕೊಂಡಿದ್ದರು.

ಯಾರೂ ರೇಡಿಯೋ ಕಡೆ ನೋಡಲಿಲ್ಲ. ಎಲ್ಲರೂ ಸವೇಲಿಯನ್ನೇ ನೋಡಿದರು.

"ಮಾಸ್ಕೋ ಬಾಯಿ ಬಿಡೋಕೆ ಮೊದಲೇ," ರೋಗೋವ್ ಪಿಸುಗುಟ್ಟಿದರು, "ನಿಂಗೆ ಹೇಗಯ್ಯಾ ಗೊತ್ತಾಯ್ತು?"

"ಪಿಟೀಲು ಸಾರ್..."

"ಯಾವ ಪಿಟೀಲೂ ಇಲ್ಲಪ್ಪ," ಎಂದಳು ಕಪಿತೋಲಿನಾ ಅವಸರವಾಗಿ. "ನಮ್ಮನೇಲಿ ಪಿಟೀಲೇ ಇಲ್ಲ!"

ಅಷ್ಟರಲ್ಲಿ ಫೋನು ಬಂತು. ಯಾರೋ ಆಗಲೇ ಬಾಯಿ ಬಿಟ್ಟಿದ್ದರು. ಬೆಳಗಾಗುತ್ತಲೇ ಕಪ್ಪು ಬಟ್ಟೆ ಕಟ್ಟಿದವನನ್ನು ಕರೆದೊಯ್ಯಲು ಗುಪ್ತ ಪೊಲೀಸರ ಜಿಲ್ಲಾ ಕಚೇರಿಯಿಂದ ಕಾರು ಹೊರಟಿದೆಯಂತೆ. ಸುಮ್ಮನೆ ನಾಲ್ಕು ಮಾತು ಕೇಳುವುದಕ್ಕೆ.

ನೋಡನೋಡುತ್ತ ಸವೇಲಿಯ ಸುತ್ತಲಿನ ಕುರ್ಚಿಗಳೆಲ್ಲ ಖಾಲಿಯಾದವು. ತೈಸಿಯಾ ಮಾತ್ರ ಅಡುಗೆಮನೆಯಿಂದ ಬಂದು, ಟವಲು ಸುತ್ತಿದ ಬಿಸಿ ಪಾತ್ರೆಯನ್ನು ಅವನ ಮಡಿಲಲ್ಲಿಟ್ಟು, ಮೇಲೊಂದು ಚಮಚ ಸಿಕ್ಕಿಸಿದಳು.

"ಗೋಧಿ ನುಚ್ಚಿನ ಗಂಜಿ, ಬೆಣ್ಣೆ ಹಾಕಿದೀನಿ," ಎಂದಳು ಮೆಲ್ಲಗೆ. "ದಾರೀಲೇ ತಿಂದ್ಬಿಡಿ."