ಬಚ್ಚಲೊಲೆಯಲ್ಲಿ ಇಡೀ ಕುಂಬಳಕಾಯಿ

ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವವನಿಗೆ ಒಂದು ಕುಂಬಳಕಾಯಿ ಸುಡುವುದು ದೊಡ್ಡ ವಿಷಯವೇ ಅಲ್ಲ. ಆ ಡಿಸೆಂಬರಿನ ಸಂಜೆಯವರೆಗೂ ಇದು ನನ್ನ ದೃಢವಾದ ನಂಬಿಕೆಯಾಗಿತ್ತು.

ಆಗ ನಾವು ಮಂಗಳೂರಿನ ಕೊಟ್ಟಾರದಲ್ಲಿ ಬಾಡಿಗೆ ಮನೆಯಲ್ಲಿದ್ದೆವು. ನಾನು, ನನ್ನ ಹೆಂಡತಿ ಸೆವ್ರಿನ್. ಅವಳು ಆಸ್ಪತ್ರೆಯಲ್ಲಿ ನರ್ಸ್. ಆ ವರ್ಷ ಮಳೆ ಬಿಡುವ ಹೊತ್ತಿಗೆ ನನ್ನ ಅತ್ತೆ ತೀರಿಕೊಂಡಿದ್ದರು. ವಾಮಂಜೂರಿನಲ್ಲಿ ಮಗನ ಜೊತೆಗಿದ್ದ ಮಾವನನ್ನು ಕ್ರಿಸ್ಮಸ್ಸಿಗೆಂದು ನಾವು ಕರೆದುಕೊಂಡು ಬಂದೆವು. ಬಂದವರು ಮಾತೇ ಆಡರು. ಎರಡು ತುತ್ತು ಉಂಡು ಕೈ ತೊಳೆಯುವರು. ಯಾರಾದರೂ ಅತ್ತೆಯ ಹೆಸರೆತ್ತಿದರೆ ಎದ್ದು ಅಂಗಳಕ್ಕೆ ಹೋಗಿ ಸುಮ್ಮನೆ ನಿಲ್ಲುವರು.

"ಅಪ್ಪ ಹೀಗೇ ಆದ್ರೆ ಎಂತ ಮಾಡುದು?" ಎಂದು ಸೆವ್ರಿನ್ ಒಂದು ದಿನ ಅತ್ತೇಬಿಟ್ಟಳು.

"ನಾನು ಉಣ್ಣಿಸ್ತೇನೆ, ನೋಡು!" ಎಂದೆ.

ಹಿಂದೊಮ್ಮೆ ತರಬೇತಿಗೆಂದು ಮಡಿಕೇರಿಗೆ ಹೋದಾಗ, ಹಲ್ಲು ಕಟಕಟ ಎನ್ನುವ ಚಳಿಯಲ್ಲಿ, ಒಬ್ಬರ ಮನೆಯಲ್ಲಿ ಕೆಂಡದಲ್ಲಿ ಸುಟ್ಟ ಸಿಹಿಗುಂಬಳ ತಿಂದಿದ್ದೆ. ಮೇಲೆ ಬೆಣ್ಣೆ, ಉಪ್ಪು, ಕರಿಮೆಣಸು. ಆ ರುಚಿ! ಮಂಗಳೂರಿನ ಚಳಿಗೆ ಬೆಳಿಗ್ಗೆ ಒಂದು ಹೊದಿಕೆ ಸಾಕು, ಒಂಬತ್ತು ಗಂಟೆಗೆ ಪುನಃ ಬೆವರು. ಆದರೂ ಡಿಸೆಂಬರ್ ಡಿಸೆಂಬರೇ ಅಲ್ಲವೇ?

ಕುಂಬಳಕಾಯಿ ಕೊಟ್ಟದ್ದು ಪಕ್ಕದ ಮನೆಯ ಹಸನಬ್ಬ. ಬಂದರಿನಲ್ಲಿ ದಿನಸಿ ಅಂಗಡಿ ಇಟ್ಟವರು.

"ತುಂಡು ಮಾಡಿ ಸುಡಿ ಮಾಸ್ಟ್ರೇ. ಇಡೀ ಇಟ್ರೆ ಆಗ್ಲಿಕ್ಕಿಲ್ಲ."

"ತುಂಡು ಮಾಡಿದ್ರೆ ರಸ ಎಲ್ಲ ಹೋಗ್ತದೆ. ಇದ್ರಲ್ಲಿ ವಿಜ್ಞಾನ ಉಂಟು!"

"ಹಾಗಾದ್ರೆ ಸರಿ ಮಾರಾಯ್ರೇ," ಎಂದು ಅವರು ಗೌರವದಿಂದ ಹಿಂದೆ ಸರಿದರು.

ಅಡುಗೆಮನೆಯ ಮಣ್ಣಿನ ಒಲೆಯೊಳಗೆ ಆ ಕಾಯಿ ಹಿಡಿಯಲಿಲ್ಲ. ಬಲವಂತ ಮಾಡಿದಾಗ ಒಲೆಯ ಒಂದು ಮೂಲೆಯೇ ಕಿತ್ತು ಬಂತು. ನಾನು ಎದೆಗುಂದಲಿಲ್ಲ. ಬಚ್ಚಲಿನಲ್ಲಿ ಹಂಡೆಯ ಕೆಳಗೆ ದೊಡ್ಡ ಒಲೆ ಇತ್ತಲ್ಲ! ಕಾಯಿಯನ್ನು ಅದರೊಳಗೆ ಉರುಳಿಸಿ, ಮೇಲೆ ಕೆಂಡ ಮುಚ್ಚಿದೆ.

ಒಂದು ಗಂಟೆ ಕಳೆಯಿತು.

"ರಬ್ಬರ್ ಸುಟ್ಟ ಹಾಗೆ ಎಂತ ವಾಸನೆ?" ಸೆವ್ರಿನ್ ಕೇಳಿದಳು.

"ಅದು ಪರಿಮಳ," ಎಂದು ತಿದ್ದಿದೆ. ಉಪ್ಪು, ಮೆಣಸು ಕುಟ್ಟುವುದರಲ್ಲಿ ಎಷ್ಟು ಮುಳುಗಿದ್ದೆನೆಂದರೆ, ಮಾವ ಬೈರಾಸು ಹೆಗಲಿಗೆ ಹಾಕಿಕೊಂಡು ಸ್ನಾನಕ್ಕೆ ಹೋದದ್ದೇ ಗೊತ್ತಾಗಲಿಲ್ಲ.

ಢಂ!

ಗೋಡೆಯ ಮೇಲಿನ ಶಿಲುಬೆ ಓರೆಯಾಯಿತು. ಹಸನಬ್ಬ ಬಿಂದಿಗೆ ನೀರು ಹಿಡಿದು ಓಡಿ ಬಂದರು. ಮುಚ್ಚಿದ ಪಾತ್ರೆಯೊಳಗಿನ ಹಬೆಗೆ ದಾರಿ ಸಿಗದಿದ್ದರೆ ಏನಾಗುತ್ತದೆಂದು ಆ ವಾರವಷ್ಟೇ ಎಂಟನೇ ಕ್ಲಾಸಿಗೆ ಚಿತ್ರ ಬರೆದು ಕಲಿಸಿದ್ದೆ. ಮಕ್ಕಳಿಗೆ ಅರ್ಥವಾಗಿತ್ತು.

ಬಚ್ಚಲಿನ ಬಾಗಿಲು ತೆರೆಯಿತು. ಬೈರಾಸು ಸುತ್ತಿಕೊಂಡ ಮಾವ. ತಲೆ ತುಂಬ ಸೋಪಿನ ನೊರೆ, ನೊರೆಯ ಮೇಲೆ ಬೂದಿ, ಬೂದಿಯ ಮೇಲೆ ಹಳದಿ ತಿರುಳು. ಪುಣ್ಯಕ್ಕೆ ಆ ಕಡೆ ಮೂಲೆಯಲ್ಲಿ ಕೂತಿದ್ದರಿಂದ ಎಲ್ಲಿಯೂ ಸುಟ್ಟಿರಲಿಲ್ಲ. ಸೆವ್ರಿನ್ ಓಡಿಹೋಗಿ ಅವರ ಮೈ ಕೈ ಮುಟ್ಟಿ ನೋಡಿದಳು. ಆಮೇಲೆ ನನ್ನನ್ನು ನೋಡಿದಳು. ಸ್ಫೋಟವೇ ವಾಸಿ!

"ಮಾವ, ನಾನು..." ಎಂದೆ.

ಮಾವ ಮೀಸೆಗೆ ಅಂಟಿದ್ದನ್ನು ನಾಲಿಗೆಯಿಂದ ನೆಕ್ಕಿ ಯೋಚಿಸಿದರು.

"ಉಪ್ಪು ಹಾಕ್ಲಿಲ್ಲ ನೀನು," ಎಂದರು.

ಆಮೇಲೆ ನಗಲು ಶುರುಮಾಡಿದರು. ನಿಲ್ಲಿಸಲಾಗದೆ ಬಾಗಿಲು ಹಿಡಿದು ಕೂತರು. ನಗುತ್ತಲೇ ಕಣ್ಣಿನಲ್ಲಿ ನೀರು.

"ಮದುವೆಯಾದ ವರ್ಷ ನಿನ್ನಮ್ಮ ಹಲಸಿನ ಬೀಜವನ್ನು ಗೀರದೆ ಒಲೆಗೆ ಹಾಕಿದ್ದಳು ಸೆವ್ರಿನ್. ಒಂದೊಂದೇ ಸಿಡಿದು ನನ್ನ ಅಮ್ಮನ ಬೆನ್ನಿಗೆ! ಮೂರು ದಿನ ಅತ್ತೆ ಸೊಸೆಗೆ ಮಾತಿಲ್ಲ..."

ನನ್ನ ಅತ್ತೆ ಹೋದ ಮೇಲೆ ಮಾವ ಅವರ ಸುದ್ದಿ ಎತ್ತಿದ್ದು ಅದೇ ಮೊದಲು. ಸೆವ್ರಿನ್ ಅಲ್ಲೇ ನೆಲಕ್ಕೆ ಕೂತು ಕೇಳಿದಳು. ನಾನು ಪೊರಕೆ ಹಿಡಿದು ಬಚ್ಚಲಿಗೆ ಹೋದೆ. ಗೋಡೆಯಿಂದ ಕುಂಬಳ ಕೆರೆಯುತ್ತಿದ್ದರೆ ಹೊರಗೆ ಅಪ್ಪ ಮಗಳು ನಗುವುದು, ಮೂಗು ಸೀಟುವುದು, ಪುನಃ ನಗುವುದು ಕೇಳಿಸುತ್ತಿತ್ತು. ಕೆಲಸ ಬೇಗ ಮುಗಿಯಬಾರದು ಎಂದು ನನಗೆ ಅನಿಸಿದ್ದು ಅದೊಂದೇ ಸಲ.

ಆ ದಿನ ಮಾವ ಮೂರು ಸಲ ಅನ್ನ ಹಾಕಿಸಿಕೊಂಡರು.

ಮೀನು ಸಾರಿಗೆ. ಒಲೆಯಲ್ಲಿ ಉಳಿದಿದ್ದ ಅರ್ಧ ಕುಂಬಳವನ್ನು, ಮೆಣಸು ಬೆಣ್ಣೆ ಸಮೇತ, ಹಸನಬ್ಬರ ಆಡಿಗೆ ಇಟ್ಟೆವು. ಅದು ಮೂಸಿ ನೋಡಿ, ನನ್ನ ಮುಖ ನೋಡಿ, ಬೇಲಿಯ ಸೊಪ್ಪು ತಿನ್ನಲು ಹೋಯಿತು.